ಹಗ್ಗದ ಆ ತುದಿ ಹಿಡಿಸಿದ ದ್ಯಾವಮ್ಮ

ಸೂರ್ಯ ಇನ್ನೂ ಹುಟ್ಟಿಲ್ಲ. ದೊಡ್ಡಬಳ್ಳಾಪುರದ ನೇಕಾರರ ಬೀದಿಯಲ್ಲಿ ದ್ಯಾವಮ್ಮನವರು ಸೆರಗು ಸಿಕ್ಕಿಸಿ, ಕುಂಚವನ್ನು ಗಂಜಿಯಲ್ಲಿ ಅದ್ದಿಕೊಂಡು ನಡೆಯುತ್ತಿದ್ದಾರೆ. ಬೀದಿಯುದ್ದಕ್ಕೂ ಸೀರೆಯ ಹತ್ತಿ ನೂಲು ಚಾಚಿಕೊಂಡಿದೆ. ಅದರ ಒಂದು ತುದಿ ಗೂಟಕ್ಕೆ. ಇನ್ನೊಂದು ತುದಿಯ ಹಗ್ಗ ಹಿಡಿದು ನಿಂತವರು ನಾಡೆಲ್ಲ ಓದುವ ಕಾದಂಬರಿಕಾರ ಹನುಮಂತರಾಯಪ್ಪನವರು. ಪತ್ರಿಕೆಗೆ ಬರೆಯಲು ನಾನು ಬಂದಿರುವುದು ಅವರಿಗಾಗಿ ಅಲ್ಲ, ದ್ಯಾವಮ್ಮನವರಿಗಾಗಿ. ಅವರ ಬಗ್ಗೆ ಬರೆಯಲು ಬೇಕಾದಷ್ಟು ಜನ ಇದ್ದಾರೆ.

ಮೂವತ್ತೆರಡು ವರ್ಷದಿಂದ ದ್ಯಾವಮ್ಮನವರದು ಇದೇ ಕೆಲಸ: ಹಾಸು ಎಂಬ ಈ ಉದ್ದೆಳೆಗಳು ಮಗ್ಗದಲ್ಲಿ ಹರಿಯದಂತೆ ಗಂಜಿ ಬಳಿಯುವುದು. ವಾರಕ್ಕೆ ಐದು ಹಾಸು, ಒಂದೊಂದಕ್ಕೂ ಬೀದಿಯುದ್ದ ಇಪ್ಪತ್ತು ಸಲ ಓಡಾಟ. ಗಂಜಿ ಒಣಗುತ್ತ ನೂಲು ಬಿಗಿಯುತ್ತದೆ, ಆಗ ಹಗ್ಗವನ್ನು ತುಸುವೇ ಬಿಟ್ಟುಕೊಡಬೇಕು. ಹೆಚ್ಚು ಬಿಟ್ಟರೆ ಎಳೆಗಳು ಅಂಟಿಕೊಂಡು ಎಲ್ಲ ಹಾಳು. "ಅದು ಕೈಗೆ ತಿಳೀಬೇಕು, ಗೂಟಕ್ಕೆ ತಿಳಿಯಲ್ಲ" ಎನ್ನುತ್ತಾರೆ. ಆ ತುದಿ ಹಿಡಿಯುತ್ತಿದ್ದ ಗಂಡ ತೀರಿಕೊಂಡ ಮೇಲೆ ದಿನಕ್ಕೊಬ್ಬರನ್ನು ಗೋಗರೆಯುವ ಪಾಡು ಅವರದಾಗಿತ್ತು.

ಕಾದಂಬರಿಕಾರರ ಪಾಡು ಬೇರೆ. ಮೊದಲು ಬ್ರಾಂದಿ, ಅದು ಸಾಲದೆ ಅಫೀಮು. ಎರಡು ವರ್ಷ ಒಂದು ಸಾಲೂ ಬರೆದಿರಲಿಲ್ಲ. ಬೆಂಗಳೂರಿನ ಗೆಳೆಯರ ಕೈಗೆ ಸಿಗದಿರಲೆಂದು ಪತ್ನಿ ಅನಸೂಯಮ್ಮನವರು ಈ ಬೀದಿಯಲ್ಲಿ ಮನೆ ಹಿಡಿದರು. "ಎಲ್ಲಾ ಬರೀರಿ, ಮುಚ್ಚಿಟ್ಟೇ ಕೆಟ್ಟೆ ನಾನು" ಎಂದು ಹನುಮಂತರಾಯಪ್ಪನವರೇ ನನಗೆ ಒಪ್ಪಿಗೆ ಕೊಟ್ಟಿದ್ದಾರೆ.

"ಒಂದಿನ ಬೆಳಿಗ್ಗೆ ಕೈ ನಡುಗಿಸ್ಕೊಂಡು ಜಗುಲಿ ಮುಂದೆ ನಿಂತಿದ್ರು. ಚಳಿ ಅನ್ಕೊಂಡೆ. ಸುಮ್ನೆ ಯಾಕ್ ನಿಂತಿದ್ದೀರಾ, ಇದನ್ನ ಹಿಡ್ಕೊಳ್ಳಿ ಅಂದೆ" ಎಂದು ದ್ಯಾವಮ್ಮ ನಗುತ್ತಾರೆ. ಮೊದಲ ವಾರವೇ ಈ ಮಹಾಶಯರು, ಹೆಂಡತಿ ಬರುವುದು ಕಂಡು ಗಾಬರಿಯಾಗಿ, ಅಫೀಮಿನ ಉಂಡೆಯನ್ನು ಗಂಜಿ ಮಡಕೆಗೆ ಎಸೆದರಂತೆ. ಏನೂ ಅರಿಯದ ದ್ಯಾವಮ್ಮ ಅದನ್ನೇ ನೂಲಿಗೆಲ್ಲ ಬಳಿದರು. "ಆ ಸೀರೆ ಉಟ್ಟೋಳು ಯಾವೂರಲ್ಲಿ ತೂಕಡಿಸ್ತಾವ್ಳೋ" ಎಂಬ ಚಿಂತೆ ಅವರಿಗೆ ಇನ್ನೂ ಇದೆ.

ರಾಯಪ್ಪನವರು ಹಗ್ಗ ಹಿಡಿಯತೊಡಗಿ ಇವತ್ತಿಗೆ ತೊಂಬತ್ನಾಲ್ಕನೆಯ ಬೆಳಗು. ಇಷ್ಟರಲ್ಲಿ ಜಟಕಾ ಬಂದು ನಿಲ್ಲುತ್ತದೆ. ಇಳಿದವರು ಬೆಂಗಳೂರಿನ ಹಳೆಯ ಗೆಳೆಯ ಪಾಪಯ್ಯ.

"ಹೊರಡೋ, ಸಾಯಂಕಾಲ ನಿಂಗೆ ಸನ್ಮಾನ. ರೈಲಿಗೆ ಹೊತ್ತಾಯ್ತು."

ಅವರ ಚೀಲದಲ್ಲಿ ಸೀಸೆಗಳು ಕಿಣಿಗುಟ್ಟುತ್ತವೆ. ರಾಯಪ್ಪನವರ ಕೈ ನಡುಗುತ್ತದೆ. ಆ ನಡುಕ ಎಳೆಗಳಲ್ಲಿ ಹರಿದು ದ್ಯಾವಮ್ಮನವರ ಕುಂಚದವರೆಗೂ ಬರುತ್ತದೆ. ಅವರು ತಿರುಗಿ ನೋಡುವುದಿಲ್ಲ, ಬಳಿಯುವುದನ್ನು ನಿಲ್ಲಿಸುವುದೂ ಇಲ್ಲ.

"ಗಂಜಿ ಇನ್ನೂ ಹಸಿ ಇದೆ ಕಣೋ ಪಾಪಯ್ಯ" ಎನ್ನುತ್ತಾರೆ ರಾಯಪ್ಪನವರು. "ಒಣಗೋ ತನಕ ಬಿಡೋ ಹಾಗಿಲ್ಲ."

ಪಾಪಯ್ಯ ಕಾದು ಕಾದು ಒಬ್ಬರೇ ಹೊರಡುತ್ತಾರೆ. ಸ್ವಲ್ಪ ಹೊತ್ತಿಗೆ ರೈಲು ಕೂಗುವುದು ಕೇಳಿಸುತ್ತದೆ. ಬಿಸಿಲೇರಿ ನೂಲು ಬಿಗಿಯುತ್ತದೆ, ರಾಯಪ್ಪನವರು ಹಗ್ಗವನ್ನು ತುಸುವೇ ಬಿಟ್ಟುಕೊಡುತ್ತಾರೆ. ಒಂದು ಎಳೆಯೂ ಅಂಟಿಲ್ಲ.

ಅವರು ಮತ್ತೆ ಕಾದಂಬರಿ ಬರೆಯಬೇಕೆಂಬ ಆಸೆ ನಿಮಗಿಲ್ಲವೇ ಎಂದು ದ್ಯಾವಮ್ಮನವರನ್ನು ಕೇಳುತ್ತೇನೆ. ಅವರು ಕುಂಚ ತೊಳೆಯುತ್ತಲೇ ಹೇಳುತ್ತಾರೆ:

"ನಂಗೆ ಓದಾಕೆ ಬರಲ್ಲ ಸ್ವಾಮಿ, ಬರೆಯೋದು ಅವ್ರಿಷ್ಟ. ನಾಳೆ ಇನ್ನೊಂದು ಹಾಸೈತೆ. ಅವ್ರು ಬಂದ್ರೆ ಸಾಕು."