ಬಾಬುಸಾಬನ ಡಿ ಡ್ರೈವ್

ಗಜೇಂದ್ರಗಡದ ಬಸ್ ನಿಲ್ದಾಣದೆದುರು ಫೋಟೊ ತೆಗೆಯುವ ಬಾಬುಸಾಬನಿಗೆ ಯಾರಾದರೂ ‘ಫೋಟೊದವರು’ ಎಂದರೆ ಸಿಟ್ಟು. ಬೋರ್ಡಿನ ಮೇಲೆ ‘ಕಂಪ್ಯೂಟರ್ ತಜ್ಞರು’ ಎಂದೇ ಬರೆಸಿದ್ದ. ಹಳೆಯ ವಿಂಡೋಸ್ ಎಕ್ಸ್‌ಪಿ ಕಂಪ್ಯೂಟರಿನ ನೆತ್ತಿ ತಟ್ಟಿ, “ರೋಣದಿಂದ ನರಗುಂದದ ತನಕ ಇದರಾಗ ಇರಲಾರದ ಮಾರಿ ಇಲ್ಲ. ನಾನೂ ಅಷ್ಟ, ಒಮ್ಮೆ ನೋಡಿದ ಮಾರಿ ಮರಿಯೂದಿಲ್ಲ” ಎಂದು ಬಂದವರಿಗೆಲ್ಲ ಹೇಳುತ್ತಿದ್ದ.

ಹೊಸದಾಗಿ ತಂದ ಪ್ರಿಂಟರು ಎಕ್ಸ್‌ಪಿಯನ್ನು ಕಣ್ಣೆತ್ತಿಯೂ ನೋಡಲಿಲ್ಲ. ರೋಣದ ರಿಪೇರಿ ಅಂಗಡಿಯ ನಯೀಮನನ್ನು ಕರೆಸಬೇಕಾಯಿತು.

“ಚಾಚಾ, ಹೊಸಾ ವಿಂಡೋಸ್ ಹಾಕಿದ್ರ ಸಿ ಡ್ರೈವ್ ಅಳಿಸಿ ಹೋಗತೈತ್ರಿ. ಒಂದು ಕಾಪಿ ತಗದಿಡ್ಲೇನು?”

“ನೀ ಹುಟ್ಟೂಕಿಂತ ಮೊದ್ಲ ನಾ ಮೌಸ್ ಹಿಡದೇನಿ. ನನ್ನ ಮಾಲೆಲ್ಲಾ ಡಿದಾಗ ಐತಿ. ಸಿ ಹೊಡದ ಹಾಕು.”

“ಒಮ್ಮೆ ನೋಡಿ ಹೇಳ್ರಿ.”

“ನೋಡಿ ಹೇಳಾಕ ನಾ ಏನ್ ಹೊಸಬ ಏನಲೇ?”

ಇಷ್ಟು ವರ್ಷದ ಫೋಟೊಗಳನ್ನೆಲ್ಲ ಅವನು ಪರದೆಯ ಮೇಲೇ, ಡೆಸ್ಕ್‌ಟಾಪಿನಲ್ಲೇ ಇಟ್ಟಿದ್ದ, ಲಗೂ ಕೈಗೆ ಸಿಗಲೆಂದು. ಪರದೆಯ ಮೇಲೆ ಕಾಣುವುದೆಲ್ಲ ಸಿ ಡ್ರೈವಿನ ಸ್ವತ್ತು ಎಂಬುದೊಂದು ತಜ್ಞರಿಗೆ ಗೊತ್ತಿರಲಿಲ್ಲ. ನಯೀಮ ಹೊಸ ವಿಂಡೋಸ್ ಹಾಕಿ ಹೋದ ಮೇಲೆ ಪರದೆ ಬೋಳಾಗಿದ್ದುದನ್ನು ಕಂಡು, ಎಲ್ಲ ಡಿ ಒಳಗೆ ಚೊಕ್ಕ ಕುಳಿತಿದೆ ಎಂದುಕೊಂಡ.

ಮುಂದಿನ ತಿಂಗಳು ಲಕ್ಕಲಕಟ್ಟಿಯ ಯಂಕವ್ವ ಬಂದು ಮೆಟ್ಟಿಲ ಮೇಲೆ ಕುಳಿತಳು. ಗೋವಾಕ್ಕೆ ದುಡಿಯಲು ಹೋಗಿದ್ದ ಮಗ ದ್ಯಾಮೇಶ ಮಲಗಿದ್ದ ತಗಡಿನ ಶೆಡ್ಡಿಗೆ ಬೆಂಕಿ ಬಿದ್ದು, ಊರಿಗೆ ಅವನ ಹೆಣ ಬಂದಿತ್ತು.

“ಮಾರಿ ಕಟ್ಟೇ ಕಳಿಸಿದ್ರಣ್ಣ. ನೋಡಗೊಡಲಿಲ್ಲ. ಆಧಾರ ಕಾರ್ಡು, ಮೊಬೈಲು ಎಲ್ಲಾ ಸುಟ್ಟು ಹೋದವು. ಹೋಗುವಾಗ ನಿಮ್ಮಲ್ಲೇ ಒಂದು ಫೋಟೊ ತಗಿಸಿದ್ದ. ಅದೊಂದ ಉಳದೈತಿ, ಕೊಡ್ರಿ.”

ಬಾಬುಸಾಬ ಗತ್ತಿನಿಂದಲೇ ಡಿ ಡ್ರೈವ್ ತೆರೆದ. ಒಳಗೆ ಹಳೇ ಹಾಡುಗಳಿದ್ದವು. ವರ್ತಕರ ಸಂಘದವರು ತನಗೆ ಶಾಲು ಹೊದಿಸಿದ ಫೋಟೊಗಳಿದ್ದವು, ನಲವತ್ತೆರಡು. ಗಿರಾಕಿಗಳದು ಒಂದೂ ಇರಲಿಲ್ಲ. ನಯೀಮನಿಗೆ ಫೋನು ಹಚ್ಚಿದ. “ಇನ್ನ ಬರೂದಿಲ್ಲ ಚಾಚಾ. ಅದರ ಮ್ಯಾಲ ಹೊಸಾದು ಕುಂತೈತ್ರಿ,” ಎಂದ ನಯೀಮ.

“ಹೊಸಾ ಮಿಶಿನ್ ಅಲ್ಲೇನ್ರಿ, ತಡಾ ಆಗತೈತಿ. ನಾ ಕುಂದರ್ತೇನಿ,” ಎಂದಳು ಯಂಕವ್ವ, ಅವನಿಗೇ ಸಮಾಧಾನ ಹೇಳುವಂತೆ.

“ಇಲ್ಲವ್ವಾ. ನನ್ನ ಕೈಯಾರೆ ಅಳಿಸಿ ಹಾಕೇನಿ.”

ಅವಳು ಬೈಯಲಿಲ್ಲ. ಬೈದಿದ್ದರೆ ಚಲೋ ಇತ್ತು.

“ನೋಡಿದ ಮಾರಿ ನೀವು ಮರಿಯೂದಿಲ್ಲಂತಲ್ಲಣ್ಣ. ಅವತ್ತ ಫೋಟೊದಾಗ ಹ್ಯಾಂಗಿದ್ದ? ಅಷ್ಟರ ಹೇಳ್ರಿ.”

ಬಾಬುಸಾಬ ಕಣ್ಣು ಮುಚ್ಚಿದ. ಫೋಟೊ ತೆಗೆಸುವ ಸ್ಟೂಲಿನ ಮೇಲೆ ನೂರಾರು ಜನ ಬಂದು ಕುಳಿತು ಎದ್ದರು. ದ್ಯಾಮೇಶ ಬರಲಿಲ್ಲ.

“ನಗಾಕತ್ತಿದ್ದನವ್ವಾ. ಬಾಯ್ತುಂಬ.”

ಯಂಕವ್ವ ಮೆಟ್ಟಿಲ ಮೇಲಿಂದ ಎದ್ದಳು.

“ಅವಂದು ಮುಂದಿನ ಹಲ್ಲು ಮುರದಿತ್ತಣ್ಣ. ಫೋಟೊ ಅಂದ್ರ ಬಾಯಿ ಬಿಚ್ಚತಿದ್ದಿಲ್ಲ,” ಎಂದು ಸೆರಗು ಹೊದ್ದು ಬಸ್ಸಿನ ಕಡೆ ನಡೆದಳು.