ಮೆಟ್ಟಿಲಿಗೆ ಅಡ್ಡ ಹಾಕಿದ ಹೊರಸು

ಅದು ೧೯೮೩ರ ಮೊಹರಂ. ಕಲ್ಮಲದಿಂದ ದೇವದುರ್ಗಕ್ಕೆ ಸೊಸೆಯಾಗಿ ಬಂದು ನನಗೆ ಮೂರನೇ ವರ್ಷ. ಹಿರಿ ಮಗಳು ಆಗಿನ್ನೂ ಕಂಕುಳಲ್ಲಿದ್ದ ಕೂಸು.

ನಮ್ಮ ಓಣಿಯ ಪೀರಲ ದೇವರ ಗುಡಿ ಎದುರಿಗೇ ಚನ್ನಪ್ಪ ಸಾಹುಕಾರರ ಹಳೆಯ ಮಾಳಿಗೆ ಮನೆ. ಹಬ್ಬದ ಕೊನೆಯ ದಿನ ಗಂಡಸರು ಗುಡಿ ಮುಂದಿನ ಬೆಂಕಿಗುಂಡಿಯಾದ ಅಲಾಯಿ ಕುಣಿಯ ಸುತ್ತ ಹೆಜ್ಜೆ ಹಾಕುತ್ತಿದ್ದರೆ, ಹಿಂದೂ, ಮುಸ್ಲಿಂ ಅನ್ನದೆ ಓಣಿಯ ಹೆಂಗಸರೆಲ್ಲ ಆ ಮಾಳಿಗೆ ಹತ್ತಿ ನೋಡುವುದು ಮೊದಲಿನಿಂದ ಬಂದ ಪದ್ಧತಿ. ಸಾಹುಕಾರರೇ ಚಾಪೆ ಹಾಸಿಸಿ, ಕುಡಿಯುವ ನೀರಿಡಿಸಿ ಕರೆಯುತ್ತಿದ್ದರು. ಹಬ್ಬಕ್ಕೆ ಬಂದ ಹೆಣ್ಣುಮಕ್ಕಳಿಗೆ ಬೇಡ ಅನ್ನುವುದುಂಟೇ?

ಆದರೆ ಮಾಳಿಗೆಯ ತೊಲೆಗಳಿಗೆ ಗೆದ್ದಲು ಹತ್ತಿತ್ತು. ಪಕ್ಕದ ಟೇಲರ್ ಮೌಲಾಸಾಬರ ಅಂಗಡಿ ಮುಂದೆ ಒಮ್ಮೆ ಅದರ ಕಲ್ಲು ಬಿತ್ತು. ರಿಪೇರಿ ಮಾಡಿಸಿ ಎಂದು ಅವರು ಸಾಹುಕಾರರಿಗೆ ಹೇಳಿ ಹೇಳಿ ಸಾಕಾಗಿ ರಾಯಚೂರಿನ ಕೋರ್ಟಿಗೆ ಹೋದರು. ರಿಪೇರಿ ಆಗುವವರೆಗೆ ಯಾರನ್ನೂ ಮೇಲೆ ಹತ್ತಿಸಕೂಡದೆಂದು ಆದೇಶವಾಯಿತು. ಸಾಹುಕಾರರು ಅದನ್ನು ಕಿವಿಗೇ ಹಾಕಿಕೊಳ್ಳದೆ ಹಿಂದಿನ ಮೊಹರಂನಲ್ಲೂ ನಮ್ಮನ್ನೆಲ್ಲ ಹತ್ತಿಸಿದ್ದರು. ಮೌಲಾಸಾಬರು ಮತ್ತೆ ಕೋರ್ಟಿಗೆ ಹೇಳಿದರು. ಆದೇಶ ಮುರಿದಿದ್ದಕ್ಕೆ ಜೈಲಿಗೇಕೆ ಕಳಿಸಬಾರದು ಎಂದು ಸಾಹುಕಾರರಿಗೆ ನೋಟಿಸ್ ಬಂತು. ಊರಲ್ಲಿ ಎದೆ ಸೆಟೆಸಿ ನಡೆಯುತ್ತಿದ್ದ ಮನುಷ್ಯ ತುಂಬಿದ ಕೋರ್ಟಿನಲ್ಲಿ ಕೈಮುಗಿದು, ತಪ್ಪಾಯಿತೆಂದು ಹೇಳಿ ಬಂದರು. ರಿಪೇರಿ ಮಾತ್ರ ಇವತ್ತು ನಾಳೆ ಅನ್ನುತ್ತ ಹಾಗೇ ಉಳಿಯಿತು. ಮನೆಯವರು ಹಿಂದಿನ ಕೋಣೆಗಳಿಗೆ ಸರಿದರು.

ಆ ವರ್ಷ ನಾವು ಹೊಸ ಸೀರೆ ಉಟ್ಟು ಹೋದರೆ, ಸಾಹುಕಾರರು ಅಂಗಳದಲ್ಲಿ ಮೆಟ್ಟಿಲಿಗೆ ಅಡ್ಡ ಹೊರಸು ಹಾಕಿ, ಮೇಲೆ ಕಾಲು ಚಾಚಿ ಮಲಗಿದ್ದರು. ಕಾಡಿದೆವು, ಬೇಡಿದೆವು. ಜೈಲಿಗೆ ಹೆದರಿದ ಪುಕ್ಕಲ ಎಂದು ಕೇಳಿಸುವಂತೆಯೇ ನಕ್ಕೆವು. ನನ್ನ ಬಾಯಿಯಂತೂ ಮೊದಲೇ ಜೋರು.

"ಹಬ್ಬದ ದಿನ ಹೆಣ್ಮಕ್ಕಳನ್ನ ಹೊರಗ ಹಾಕ್ತೀರೇನ್ರೀ? ಇದ್ಯಾವ ಮರ್ಯಾದಿರೀ ನಿಮ್ದು?" ಎಂದೆ.

ಅವರು ಏಳಲೇ ಇಲ್ಲ. "ಬೈಯವ್ವಾ, ಬೇಕಾದಷ್ಟು ಬೈ. ಕೋರ್ಟಿನಾಗ ಇನ್ನೊಮ್ಮಿ ಹಂಗ ನಿಂದ್ರಾದು ನನ್ನ ಕೈಲೆ ಆಗಂಗಿಲ್ಲ," ಎಂದರು.

ಮುಖ ಊದಿಸಿಕೊಂಡು ಗುಡಿಯ ಕಟ್ಟೆಗೆ ಹೋಗಿ ನಿಂತೆವು. ಹಲಗೆಯ ಸದ್ದು ಏರಿತ್ತು. ದೇವರು ಹೊರಗೆ ಬರುವ ಹೊತ್ತಿಗೆ ಎದುರಿನ ಮನೆಯೊಳಗಿಂದ ದಡದಡ ಶಬ್ದ. ನೋಡನೋಡುತ್ತ ಮಾಳಿಗೆಯ ನಡುಭಾಗ ಒಳಕ್ಕೆ ಕುಸಿಯಿತು. ನಾವು ಪ್ರತಿ ವರ್ಷ ಚಾಪೆ ಹಾಸಿ ಕೂರುತ್ತಿದ್ದ ಜಾಗವೇ ಅದು. ಧೂಳಿನೊಳಗಿಂದ ಸಾಹುಕಾರರು ಕೆಮ್ಮುತ್ತ ನಡೆದು ಬಂದರು. ಒಬ್ಬರಿಗೂ ಒಂದು ತರಚು ಗಾಯವೂ ಆಗಿರಲಿಲ್ಲ. ನಾನು ಕೂಸನ್ನು ಎದೆಗವಚಿಕೊಂಡೆ.

ಮರುದಿನ ಹೋಗಿ ಸಾಹುಕಾರರ ಕಾಲಿಗೆ ಬಿದ್ದೆ. ಅವರು ಗಡಬಡಿಸಿ ಹಿಂದೆ ಸರಿದರು.

"ನನಗ್ಯಾಕ ಬೀಳ್ತಿ ತಂಗಿ? ನಾ ಏನು ನಿಮ್ಮ ಜೀವ ಉಳಸಾಕ ಮಲಗಿದ್ದಿಲ್ಲ, ಜೈಲಿಗೆ ಅಂಜಿ ಮಲಗಿದ್ದೆ. ಬೀಳಾದಿದ್ರ ಆ ಜಡ್ಜ್ ಸಾಹೇಬ್ರ ಕಾಲಿಗೆ ಬೀಳು."

ಮೌಲಾಸಾಬರಿಗೆ ಕೈಮುಗಿದು ಬಂದೆ. ಆದರೆ ಆ ಜಡ್ಜ್ ಯಾರೋ, ಯಾವ ಊರಿನವರೋ. ಅಷ್ಟರಲ್ಲಿ ಅವರಿಗೆ ವರ್ಗವೂ ಆಗಿತ್ತಂತೆ. ಮುಂದಿನ ಮೊಹರಂಗೆ ಪೀರಲ ದೇವರಿಗೆ ಸಕ್ಕರೆ ಓದಿಸಲು, ಅಂದರೆ ಸಕ್ಕರೆ ಇಟ್ಟು ಪ್ರಾರ್ಥನೆ ಹೇಳಿಸಲು ಹೋದಾಗ, ಯಾರ ಹೆಸರಲ್ಲಿ ಓದಬೇಕೆಂದು ದೇವರ ಸೇವೆ ಮಾಡುವ ಮುಜಾವರರು ಕೇಳಿದರು. ಕೋರ್ಟಿನ ಸಾಹೇಬರ ಹೆಸರಲ್ಲಿ ಓದಿ, ಆದರೆ ಅವರ ಹೆಸರು ನನಗೆ ಗೊತ್ತಿಲ್ಲ ಎಂದೆ.

"ನಮಗ ಗೊತ್ತಿಲ್ಲಂದ್ರ ಏನಾತವ್ವಾ, ದೇವರಿಗೆ ಗೊತ್ತದ," ಎಂದು ಅವರು ಕಣ್ಣು ಮುಚ್ಚಿ ಓದಿದರು.

ಅಂದಿನಿಂದ ಒಂದು ವರ್ಷವೂ ತಪ್ಪಿಸಿಲ್ಲ. ಓದಿಸಿದ ಸಕ್ಕರೆಯ ಮೊದಲ ಚಿಟಿಕೆ ಈಗಲೂ ನನ್ನ ಹಿರಿ ಮಗಳ ಬಾಯಿಗೇ.