ಒಗಟಿನ ಡೈರೆಕ್ಟರನೂ ಉಬ್ಬಿದ ಹಿಟ್ಟೂ

ಆಗ ನನಗೆ ಅರವತ್ತಾರು. ಇದಾಗಿ ಆರು ವರ್ಷ. ತಮಿಳು ಸಿನಿಮಾದವರೇ ತುಂಬಿದ ವಡಪಳನಿಯ ನಮ್ಮ ಬಾಡಿಗೆ ಮನೆಯ ಮಹಡಿಯಲ್ಲಿ ಒಬ್ಬ ಡೈರೆಕ್ಟರ ಇದ್ದ. ಅವನ ಬಲಹುಬ್ಬು ಎಡದ್ದಕ್ಕಿಂತ ಅರ್ಧ ಬೆರಳು ಮೇಲೆ. ಎದುರಿನವರೆಲ್ಲ ದಡ್ಡರೆಂದು ಹುಟ್ಟುವಾಗಲೇ ತೀರ್ಮಾನಿಸಿದವನ ಹಾಗೆ. ಹೋದ ವರ್ಷ ಸತ್ತ. ಸತ್ತನೆಂದು ಸುಳ್ಳು ಹೊಗಳುವುದು ನನ್ನಿಂದಾಗದು.

ಹತ್ತು ನಿಮಿಷದ ಸಿನಿಮಾ ಮಾಡುತ್ತಿದ್ದ. ಕೊನೆಯಲ್ಲಿ 'ಕೊಂದವರು ಯಾರು?' ಎಂದು ಕೇಳಿ ಕತೆಯನ್ನು ಅಲ್ಲೇ ಬಿಟ್ಟುಬಿಡುವುದು. ತೋರಿಸುವಾಗ ತಾನು ಪರದೆಗೆ ಬೆನ್ನು ಹಾಕಿ ಕೂತು ನಮ್ಮ ಮುಖ ನೋಡುತ್ತಿದ್ದ. ಯಾರಿಗೂ ಉತ್ತರ ಹೊಳೆಯದಿದ್ದ ದಿನ ಅವನಿಗೆ ಊಟ ರುಚಿಸುತ್ತಿತ್ತು.

"ಜನ ತಲೆ ಓಡಿಸ್ಬೇಕಮ್ಮ," ಎನ್ನುತ್ತಿದ್ದ. ಮೈಸೂರಿನವನು.

"ಕತಿ ಮುಗ್ಸುಕ್ ಬತ್ತಿಲ್ಲ, ಅದ್ಕೆ ಒಗಟ್ ಅಂಬ್ ಹೆಸ್ರ್," ಎಂದು ನಾನು ನಮ್ಮ ಕುಂದಾಪುರದ ಬಾಯಲ್ಲೇ ಹೇಳುತ್ತಿದ್ದೆ.

ನಾನು ಹೋಟೆಲಿಗೆ ಇಡ್ಲಿ ಹಿಟ್ಟು ರುಬ್ಬಿ ಕೊಡುವವಳು. ಒಮ್ಮೆ ನನ್ನ ಅಡಿಗೆಮನೆಯನ್ನೇ ಸಿನಿಮಾಕ್ಕೆ ಕೇಳಿದ. ಹೆಣವೂ ನಾನೇ. ಹಿಟ್ಟಿನ ಪಾತ್ರೆಯೊಳಗೆ ಕೈಯಿಟ್ಟು ಸಾಯಬೇಕಂತೆ. ಕತೆ ಎಂತದು ಎಂದರೆ "ಗುಟ್ಟು" ಎಂದ. ಮನೆಯಲ್ಲಿದ್ದದ್ದು ಹಿಂದಿನ ರಾತ್ರಿ ರುಬ್ಬಿದ ಹಿಟ್ಟು. ಅದರಲ್ಲೇ ಕೈಯಿಟ್ಟು ಸತ್ತೆ.

ತಮಿಳು ಪ್ರೊಡ್ಯೂಸರೊಬ್ಬರು ನೋಡಲು ಬಂದರು. ಅವರು ಒಪ್ಪಿದರೆ ಇವನಿಗೆ ದೊಡ್ಡ ಸಿನಿಮಾ. ಇಪ್ಪತ್ತು ವರ್ಷ ಕಾದದ್ದು ಅದಕ್ಕೇ. ಸಿನಿಮಾದಲ್ಲಿ ಮೂವರು ಮಕ್ಕಳು. ದೊಡ್ಡವರಿಬ್ಬರು ನಸುಕಿಗೇ ಕೆಲಸಕ್ಕೆ ಹೋಗಿರುತ್ತಾರೆ, ಕಿರಿಯವನು ಬೆಳಗಿನ ರೈಲಿಗೆ ಬಂದಿಳಿಯುತ್ತಾನೆ. ತಾಯಿ ಹಿಟ್ಟು ರುಬ್ಬುತ್ತಲೇ ಸತ್ತುಬಿದ್ದಿದ್ದಾಳೆ. ಪ್ರೊಡ್ಯೂಸರು ತಲೆ ಕೆರೆದುಕೊಂಡರು. ಇವನಿಗೆ ಖುಷಿಯೋ ಖುಷಿ.

"ಕಿರಿಯ ಮಗನೇ ಸಾರ್. ಹಿಟ್ಟು ಆಗಷ್ಟೇ ರುಬ್ಬಿದ್ದು. ಆಗ ಮನೇಲಿದ್ದೋನು ಅವನೊಬ್ನೇ."

ನನಗೆ ತಡೆಯಲಾಗಲಿಲ್ಲ. "ಹಿಟ್ಟ್ ಉಬ್ಬಿ ಕೈ ಮುಚ್ಚಿತ್ ಕಾಣ್. ಮುದ್ಕಿ ಸತ್ತ್ ಒಂದ್ ರಾತ್ರಿ ಆಯ್ತ್. ಆ ಮಗ ಆಗ ರೈಲಂಗಿದ್ದ."

ಪ್ರೊಡ್ಯೂಸರಿಗೆ ತಮಿಳಿನಲ್ಲೂ ಹೇಳಿದೆ. ಅವರು ಹೊಟ್ಟೆ ಹಿಡಿದುಕೊಂಡು ನಕ್ಕರು. ಪಾಟ್ಟಿ, ಅಂದರೆ ಈ ಅಜ್ಜಿ, ಹೇಳುವುದು ಸರಿ, ತಿದ್ದಿ ನಾಳೆ ಸಂಜೆ ತೋರಿಸು, ಇಲ್ಲವಾದರೆ ಬೇಡ ಎಂದು ಎದ್ದು ಹೋದರು.

"ನಾನು ತಿದ್ದಲ್ಲ," ಎಂದ ಇವನು. "ಹಿಟ್ಟನ್ನ ಯಾರಮ್ಮ ನೋಡ್ತಾರೆ?"

"ಹೆಂಗ್ಸ್ರೆಲ್ಲಾ ಅದನ್ನೇ ಕಾಂಬುದ್ ಮಾರಾಯ. ನಿನ್ ಒಗಟ್ ಯಾರಿಗ್ ಬೇಕ್?"

ಮೆಟ್ಟಿಲ ಮೇಲೆ ಕೂತವನು ಕತ್ತಲಾದರೂ ಏಳಲಿಲ್ಲ. ಗುಟ್ಟು ಗುಟ್ಟು ಎಂದು ಹೆಣಕ್ಕೂ ಕತೆ ಹೇಳದವನಿಗೆ ಹಾಗೇ ಆಗಬೇಕು.

ಮರುದಿನ ಬೆಳಿಗ್ಗೆ ಹೊಸದಾಗಿ ಹಿಟ್ಟು ರುಬ್ಬಿದೆ. ಮಹಡಿಗೆ ಹತ್ತಿ ಅವನನ್ನು ಬೈದು ಎಬ್ಬಿಸಿ ಕರೆತಂದು, ಹಿಟ್ಟು ಉಬ್ಬುವ ಮೊದಲೇ ಕ್ಯಾಮೆರಾದ ಎದುರು ಇನ್ನೊಮ್ಮೆ ಸತ್ತೆ.